ಡೊಮ್ನಾ ಸಮಿಯು ಜೊತೆ ಊರೂರು



ನಾನು ಇವತ್ತು ಹೇಳಬೇಕೆಂದಿರುವುದು ಕಣ್ಣಿಂದ ನೋಡುವ ವಿಷಯ, ಹೇಳುತ್ತಿರುವುದು ಕಿವಿಯಿಂದ ಕೇಳುವ ಪೆಟ್ಟಿಗೆಯಲ್ಲಿ. ಈ ಎಡವಟ್ಟಿಗೆ ನನ್ನ ಬಳಿ ಒಂದು ಸಮಜಾಯಿಷಿ ಇದೆ. ನಾನು ಯಾರ ಬಗ್ಗೆ ಮಾತಾಡಲಿದ್ದೇನೋ ಆ ಹೆಣ್ಣುಮಗಳು ಕೂಡ ರೇಡಿಯೊದವರೇ. 1954ರಿಂದ 1971ರವರೆಗೆ ರೇಡಿಯೊದಲ್ಲಿ ದುಡಿದು, ಆಮೇಲೆ ಟಿವಿ ತೆರೆಗೆ ಬಂದವರು. ಹೆಸರು ಡೊಮ್ನಾ ಸಮಿಯು. ದೇಶ ಗ್ರೀಸ್.

ಗ್ರೀಸ್ ಅಂದ ಕೂಡಲೇ ನಮಗೆ ಸಾಕ್ರಟೀಸ್ ನೆನಪಾಗುತ್ತಾನೆ, ಹೋಮರ್ ನೆನಪಾಗುತ್ತಾನೆ. ಬಿ.ಎಂ.ಶ್ರೀ. ಅವರು ಸೋಫೋಕ್ಲೀಸನ ನಾಟಕವನ್ನು ‘ಅಶ್ವತ್ಥಾಮನ್’ ಮಾಡಿಕೊಟ್ಟ ಕಾಲದಿಂದ ಕನ್ನಡಿಗರಿಗೆ ಪರಿಚಯ ಇರುವುದು ಆ ಹಳೆಯ ಗ್ರೀಸಿನದು. ಅದೇ ನೆಲದಲ್ಲಿ ಕುರಿ ಕಾಯುವವರಿದ್ದಾರೆ, ಸಮುದ್ರಕ್ಕಿಳಿದು ಸ್ಪಂಜು ತೆಗೆಯುವವರಿದ್ದಾರೆ, ಮದುವೆಯಲ್ಲಿ ಬೆಳಗಾಗುವ ತನಕ ಕುಣಿಯುವವರಿದ್ದಾರೆ. ಒಂದು ಕಣಿವೆಯ ಹಾಡು ಪಕ್ಕದ ಕಣಿವೆಗೆ ಅಪರಿಚಿತ, ಒಂದು ದ್ವೀಪದ ಕುಣಿತ ಎದುರಿನ ದ್ವೀಪಕ್ಕೆ ಬಾರದು. ಕ್ರೀಟಿನಲ್ಲಿ ತೊಡೆಯ ಮೇಲೆ ನಿಲ್ಲಿಸಿಕೊಂಡು ಕಮಾನು ಎಳೆಯುವ ಲೀರಾ, ಎಪಿರಸ್ ಬೆಟ್ಟಗಳಲ್ಲಿ ಕ್ಲಾರಿನೆಟ್, ಥ್ರೇಸಿನಲ್ಲಿ ಆಡಿನ ಚರ್ಮದ ಚೀಲವಾದ್ಯ ಗಾಯ್ದಾ, ಝಾಕಿಂಥೋಸ್ ದ್ವೀಪದಲ್ಲಿ ವೆನಿಸ್ಸಿನವರ ಸಹವಾಸದ ಗುರುತಾಗಿ ಮ್ಯಾಂಡೊಲಿನ್ ಜೊತೆಗಿನ ಹಾಡುಗಳು. ಇಷ್ಟು ಚಿಕ್ಕ ದೇಶದಲ್ಲಿ ಇಷ್ಟು ಬಗೆ.

ಇವನ್ನೆಲ್ಲ ಟಿವಿಯಲ್ಲಿ ತೋರಿಸಬೇಕು ಅಂದಾಗ ಮೊದಲು ಎದುರಾಗುವ ಪ್ರಶ್ನೆ, ನೋಡುವವರನ್ನು ಯಾರು ಕರೆದುಕೊಂಡು ಹೋಗುವುದು? ಸಾಕ್ಷ್ಯಚಿತ್ರಗಳಲ್ಲಿ ಮುಖವಿಲ್ಲದ ಒಂದು ದನಿ ಇರುತ್ತದಲ್ಲ, ಎಲ್ಲ ಬಲ್ಲೆ ಎಂಬಂತೆ ಮೇಲಿನಿಂದ ಮಾತಾಡುವ ದನಿ, ಅದು ಒಂದು ದಾರಿ. ತೆರೆಯ ಮೇಲೆ ಒಬ್ಬ ಮನುಷ್ಯ ಕಾಣಿಸಿಕೊಂಡು, ಊರೊಳಗೆ ನಡೆದು, ಬಾಗಿಲು ತಟ್ಟಿ, ಒಳಗೆ ಕೂತು ಮಾತಾಡಿಸುವುದು ಇನ್ನೊಂದು ದಾರಿ. ಎರಡನೆಯದು ಸುಲಭದಂತೆ ಕಾಣುತ್ತದೆ. ಆದರೆ ಆ ಮನುಷ್ಯ ಒಂದಿಷ್ಟು ಹೆಚ್ಚು ಕಾಣಿಸಿಕೊಂಡರೂ ಊರು ಅವನ ಹಿಂದಿನ ಪರದೆಯಾಗಿಬಿಡುತ್ತದೆ. ಇವತ್ತಿನ ಎಷ್ಟೋ ಪ್ರವಾಸಿ ಕಾರ್ಯಕ್ರಮಗಳಲ್ಲಿ ನಮಗೆ ನೆನಪುಳಿಯುವುದು ನಿರೂಪಕರ ಕನ್ನಡಕ, ನಿರೂಪಕರ ನಗು, ನಿರೂಪಕರು ತಿಂದ ತಿಂಡಿ. ಊರಿನ ಹೆಸರು ಮರೆತೇ ಹೋಗಿರುತ್ತದೆ.

ಗ್ರೀಸಿನ ಸರಕಾರಿ ಟಿವಿ ಇ.ಆರ್.ಟಿ. 1976–77ರಲ್ಲಿ ‘ಮುಸಿಕೊ ಒಡಿಪೊರಿಕೊ’ ಎಂಬ ಸರಣಿಯನ್ನು ಮಾಡಿತು. ಸಂಗೀತದ ಕಾಲ್ನಡಿಗೆ ಎನ್ನಬಹುದು. ನಿರ್ದೇಶಕರಲ್ಲಿ ಒಬ್ಬರು ಫೋಟೋಸ್ ಲಂಬ್ರಿನೋಸ್. ತೆರೆಯ ಮೇಲೆ ದಾರಿ ತೋರಿಸಿದವರು ಡೊಮ್ನಾ. ಆಗ ಅವರಿಗೆ ನಲವತ್ತೆಂಟರ ವಯಸ್ಸು. ಟಿವಿಗೆ ಬೇಕಾದ ರೂಪು, ಥಳುಕು ಯಾವುದೂ ಅವರಲ್ಲಿರಲಿಲ್ಲ. ಹಳ್ಳಿಯ ಹೆಂಗಸರ ನಡುವೆ ಕೂತರೆ ಅವರಲ್ಲಿ ಒಬ್ಬರು ಅನ್ನಬೇಕು, ಹಾಗಿದ್ದರು. ಕ್ಯಾಮರಾ ಅವರನ್ನು ಬಿಟ್ಟು ಹಾಡುವವರ ಮುಖದ ಕಡೆ ಹೋಗುವುದಕ್ಕೆ ಅವರೇ ಅವಕಾಶ ಮಾಡಿಕೊಡುತ್ತಿದ್ದರು.

ಇಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು. 1967ರ ಏಪ್ರಿಲ್‌ನಿಂದ 1974ರ ಜುಲೈವರೆಗೆ ಗ್ರೀಸನ್ನು ಆಳಿದ್ದು ಸೇನೆಯ ಕರ್ನಲ್‌ಗಳ ಕೂಟ. ಜಾನಪದ ಎಂದರೆ ಅವರಿಗೆ ಬಹಳ ಪ್ರೀತಿ, ಅಥವಾ ಪ್ರೀತಿಯ ಪ್ರದರ್ಶನ. ಈಸ್ಟರ್ ಹಬ್ಬಕ್ಕೆ ಬ್ಯಾರಕ್ಕಿನಲ್ಲಿ ಕುರಿ ಸುಡುವುದು, ಕ್ಯಾಮರಾ ಎದುರು ಅಧಿಕಾರಿಗಳು ಕೈಹಿಡಿದು ಕುಣಿಯುವುದು, ಕ್ರೀಡಾಂಗಣದಲ್ಲಿ ಸಾಂಪ್ರದಾಯಿಕ ಉಡುಪಿನ ಮೆರವಣಿಗೆ ಮಾಡಿಸುವುದು. ಏಳು ವರ್ಷ ಇದನ್ನೇ ನೋಡಿದ ಅಥೆನ್ಸಿನ ವಿದ್ಯಾರ್ಥಿಗಳಿಗೆ ಹಳ್ಳಿ ಹಾಡು ಎಂದರೆ ಬೂಟಿನ ಸದ್ದು ಕೇಳಿಸತೊಡಗಿತ್ತು. ಅವರನ್ನು ದೂರಲಾಗದು. ಆಳುವವರು ಯಾವುದಾದರೂ ಹಾಡನ್ನು ಬಹಳ ಹೊಗಳಿದರೆ ಆ ಹಾಡಿಗೆ ಆಗುವ ಹಾನಿ ಸಣ್ಣದಲ್ಲ.

ಆ ಕಾಲದಲ್ಲೇ, 1971ರಲ್ಲಿ, ಡಿಯೋನಿಸಿಸ್ ಸವೋಪುಲೋಸ್ ಒಂದು ಸಾಹಸ ಮಾಡಿದರು. ಸವೋಪುಲೋಸ್ ಎಂದರೆ ಆಗಿನ ಯುವಕರ ಕಣ್ಮಣಿ, ರಾಕ್ ಸಂಗೀತದ ಜೊತೆ ಸ್ವಂತ ಪದ ಕಟ್ಟಿ ಹಾಡುತ್ತಿದ್ದ, ಸೇನಾಡಳಿತದಲ್ಲಿ ಜೈಲು ಕಂಡಿದ್ದ ಹಾಡುಗಾರ. ಅಥೆನ್ಸಿನ ‘ರೊಡೆಯೊ’ ಎಂಬ ಕ್ಲಬ್ಬಿನಲ್ಲಿ ತಮ್ಮ ಕಾರ್ಯಕ್ರಮದ ನಡುವೆ ಡೊಮ್ನಾ ಅವರನ್ನು ಹಾಡಲು ಕರೆದರು. ಅಲ್ಲಿಯವರೆಗೆ ಡೊಮ್ನಾ ವೇದಿಕೆಯ ಗಾಯಕಿಯಲ್ಲ. ಧ್ವನಿಮುದ್ರಣದ ಕೆಲಸ ಮಾಡಿಕೊಂಡು, ಬೇರೆಯವರನ್ನು ಹಾಡಿಸಿಕೊಂಡು ಇದ್ದವರು. ಜೀನ್ಸ್ ತೊಟ್ಟು ಸಿಗರೇಟು ಹಿಡಿದು ಕೂತ ಹುಡುಗರ ಮುಂದೆ ಅಜ್ಜಿಯರ ಹಾಡು ಹಾಡಿದರು. ಹುಡುಗರು ಕೇಳಿದರು. ಅದೇ ವರ್ಷ ರೇಡಿಯೊ ಕೆಲಸ ಬಿಟ್ಟರು, ಅದೇ ವರ್ಷ ಲಂಡನ್ನಿನ ಇಂಗ್ಲಿಷ್ ಬಾಖ್ ಉತ್ಸವದಲ್ಲೂ ಹಾಡಿದರು. ಐದು ವರ್ಷದ ಮೇಲೆ ಟಿವಿ ತೆರೆಗೆ ಬಂದಾಗ ಪಟ್ಟಣದ ಹುಡುಗರಿಗೂ ಆ ಮುಖದ ಪರಿಚಯವಿತ್ತು, ನಂಬಿಕೆಯೂ ಇತ್ತು. ಕರ್ನಲ್‌ಗಳು ಕೆಡಿಸಿ ಹೋಗಿದ್ದ ನೆಲವನ್ನು ಮತ್ತೆ ನಡೆದು ನೋಡುವುದಕ್ಕೆ ಅಂಥವರೇ ಬೇಕಿತ್ತು.

ಇವರ ಸ್ವಂತ ಊರು ಯಾವುದು ಎಂದು ಕೇಳಬಹುದು. ಅದು ಸರಳವಾಗಿ ಉತ್ತರ ಸಿಗುವ ಪ್ರಶ್ನೆಯಲ್ಲ. ಡೊಮ್ನಾ ಹುಟ್ಟಿದ್ದು 1928ರ ಅಕ್ಟೋಬರ್ 12ರಂದು, ಅಥೆನ್ಸಿನ ಕೆಸರಿಯಾನಿ ಎಂಬ ಬಡಾವಣೆಯಲ್ಲಿ. ಬಡಾವಣೆ ಅನ್ನುವುದು ದೊಡ್ಡ ಮಾತು, ಅದು ನಿರಾಶ್ರಿತರ ಗುಡಿಸಲುಗಳ ಸಾಲು. ಅಪ್ಪ ಅಮ್ಮ ಇಬ್ಬರೂ ಇಂದಿನ ಟರ್ಕಿಯಲ್ಲಿರುವ ಸ್ಮಿರ್ನಾ ಪಟ್ಟಣದ ಹತ್ತಿರದ ಬಾಯಿಂದಿರ್ ಕಡೆಯವರು. 1922ರಲ್ಲಿ ಟರ್ಕಿಯ ಎದುರಿನ ಯುದ್ಧದಲ್ಲಿ ಗ್ರೀಸಿನ ಸೋಲು, ಅದರ ಬೆನ್ನಿಗೇ 1923ರ ಲೊಸಾನ್ ಒಪ್ಪಂದದ ಜನವಿನಿಮಯ. ಸುಮಾರು 12 ಲಕ್ಷ ಆರ್ಥೊಡಾಕ್ಸ್ ಕ್ರೈಸ್ತರು ಗ್ರೀಸಿಗೆ ಬಂದು ಬಿದ್ದರು, ಸುಮಾರು 4 ಲಕ್ಷ ಮುಸ್ಲಿಮರು ಟರ್ಕಿಗೆ ಹೋದರು. ಎರಡೂ ಕಡೆಯವರ ಇಷ್ಟವನ್ನು ಯಾರೂ ಕೇಳಲಿಲ್ಲ. ಕೆಸರಿಯಾನಿಯ ಒಂದೊಂದು ಓಣಿಯಲ್ಲಿ ಒಂದೊಂದು ಊರಿನವರು, ಒಂದೊಂದು ಬಗೆಯ ಹಾಡಿನವರು. ತಂದ ಸಾಮಾನು ಕಡಿಮೆ, ತಂದ ಹಾಡು ಬೇಕಾದಷ್ಟು.

ಆದ್ದರಿಂದ ಡೊಮ್ನಾ ಅವರಿಗೆ ಗ್ರೀಸಿನೊಳಗೆ ‘ನಮ್ಮ ಹಳ್ಳಿ’ ಎಂದು ತೋರಿಸಲು ಒಂದು ಹಳ್ಳಿ ಇರಲಿಲ್ಲ. ಹಬ್ಬಕ್ಕೆ, ಬೇಸಿಗೆ ರಜಕ್ಕೆ ಅಥೆನ್ಸಿನ ಜನ ತಮ್ಮ ತಮ್ಮ ಊರಿಗೆ ಹೊರಟಾಗ ಈ ನಿರಾಶ್ರಿತರ ಮಕ್ಕಳಿಗೆ ಹೋಗಲು ಊರೇ ಇಲ್ಲ. ನನಗೆ ಅನ್ನಿಸುವುದು, ಅವರು ತೆರೆಯ ಮೇಲೆ ಅಷ್ಟು ಒಳ್ಳೆಯ ಜತೆಗಾರ್ತಿಯಾಗಲು ಇದೇ ಮುಖ್ಯ ಕಾರಣ. ಕ್ರೀಟಿನವನು ಕ್ರೀಟನ್ನು ತೋರಿಸಿದರೆ ಹೆಮ್ಮೆಯಿಂದ ತೋರಿಸುತ್ತಾನೆ, ಪಕ್ಕದ ದ್ವೀಪವನ್ನು ಅಷ್ಟಕ್ಕಷ್ಟೇ ಅನ್ನುವಂತೆ ತೋರಿಸುತ್ತಾನೆ. ಎಲ್ಲೆಡೆಯೂ ನೆಂಟಳಾಗಿ ಹೋಗುವವಳಿಗೆ ಆ ಪಕ್ಷಪಾತ ಇರುವುದಿಲ್ಲ. ನೆಂಟಳಿಗೆ ಇರಬೇಕಾದ ಸಂಕೋಚ, ಕೊಟ್ಟದ್ದನ್ನು ಉಣ್ಣುವ ಸೌಜನ್ಯ, ಕೇಳಿ ತಿಳಿದುಕೊಳ್ಳುವ ಆಸೆ, ಇವು ಡೊಮ್ನಾ ಅವರಿಗೆ ಅಭ್ಯಾಸದಿಂದ ಬಂದವಲ್ಲ.

ವಿದ್ಯೆ ಅಭ್ಯಾಸದಿಂದ ಬಂತು. ಹದಿಮೂರರ ಹೊತ್ತಿಗೆ ಸೈಮನ್ ಕರಾಸ್ ಅವರ ಬಳಿ ಸೇರಿದರು. ಕರಾಸ್ 1929ರಲ್ಲೇ ದೇಶೀ ಸಂಗೀತದ ಪ್ರಸಾರಕ್ಕೆಂದು ಒಂದು ಸಂಘ ಕಟ್ಟಿದ್ದವರು. ಬಿಜಾಂಟಿಯಮ್ ಕಾಲದ ಚರ್ಚಿನ ಗಾಯನ, ಹಳ್ಳಿಯ ಹಾಡು ಎರಡಕ್ಕೂ ಬೇರು ಒಂದೇ ಎಂದು ಹಠ ಹಿಡಿದವರು. ಪಾಶ್ಚಾತ್ಯ ಪಿಯಾನೊದ ಹನ್ನೆರಡು ಮನೆಗಳಲ್ಲಿ ಈ ಹಾಡುಗಳ ಸ್ವರ ಕೂರುವುದಿಲ್ಲ ಎಂಬುದು ಅವರ ವಾದ. ನಮ್ಮ ಸಂಗೀತ ಕೇಳಿದವರಿಗೆ ಈ ಜಗಳ ಹೊಸದಲ್ಲ, ನಮ್ಮಲ್ಲಿ ಹಾರ್ಮೋನಿಯಂ ವಿಷಯಕ್ಕೆ ನಡೆದದ್ದೂ ಇದೇ. ಕರಾಸ್ ರೇಡಿಯೊದ ದೇಶೀ ಸಂಗೀತ ವಿಭಾಗದಲ್ಲಿದ್ದರು. ಡೊಮ್ನಾ 1954ರಲ್ಲಿ ಅದೇ ವಿಭಾಗದಲ್ಲಿ ಕೆಲಸಕ್ಕೆ ಸೇರಿದರು.

ರೇಡಿಯೊದ ಕೆಲಸ ಹೇಗಿರುತ್ತದೆ ಎಂದು ಕೇಳುಗರಿಗೂ ಸ್ವಲ್ಪ ಗೊತ್ತು. ಹಾಡುವವರು ಸ್ಟುಡಿಯೊಗೆ ಬರುತ್ತಾರೆ. ಬಾಗಿಲಿಗೆ ದಪ್ಪ ಗಾದಿ, ಗೋಡೆಯ ಮೇಲೆ ಗಡಿಯಾರ, ಗಾಜಿನ ಆಚೆ ಬೆರಳೆತ್ತುವ ತಂತ್ರಜ್ಞ. ಹಳ್ಳಿಯಲ್ಲಿ ಒಂದು ತಾಸು ಬೆಳೆಯುವ ಹಾಡು ಇಲ್ಲಿ ಮೂರು ನಾಲ್ಕು ನಿಮಿಷಕ್ಕೆ ಮುಗಿಯಬೇಕು. ಇದು ಗ್ರೀಸಿನಲ್ಲಿ ರೇಡಿಯೊ ಕಂಡುಹಿಡಿದ ಕ್ರಮವಲ್ಲ. 1930ರಲ್ಲಿ ಮೆಲ್ಪೊ ಮೆರ್ಲಿಯೆ ಎಂಬ ವಿದುಷಿ ದೊಡ್ಡ ಪ್ರಮಾಣದಲ್ಲಿ ಜಾನಪದ ಹಾಡುಗಳನ್ನು ಗ್ರಾಮಫೋನ್ ತಟ್ಟೆಗೆ ಹಾಕಿಸಿದಾಗಲೂ ಹಾಡುಗಾರರೇ ಅಥೆನ್ಸಿಗೆ ಬಂದು ಒಂದು ರಂಗಮಂದಿರದಲ್ಲಿ ಯಂತ್ರದ ಎದುರು ನಿಂತಿದ್ದರು. ಯಂತ್ರ ಭಾರ, ಮನುಷ್ಯ ಹಗುರ, ಆದ್ದರಿಂದ ಮನುಷ್ಯನೇ ಬರಬೇಕು. ಟೇಪ್ ರೆಕಾರ್ಡರ್ ಹಗುರವಾದ ಮೇಲೆ ಲೆಕ್ಕ ತಿರುಗಿತು. 1963ರಿಂದ ಡೊಮ್ನಾ ಸ್ವಂತ ಖರ್ಚಿನಲ್ಲಿ, ಸ್ವಂತ ಯಂತ್ರ ಹೊತ್ತು ಹಳ್ಳಿಗಳಿಗೆ ಹೋಗತೊಡಗಿದರು.

ಆ ತಿರುಗಾಟದಲ್ಲಿ ಕಲಿತದ್ದೇ ಮುಂದೆ ತೆರೆಯ ಮೇಲೆ ಬಂಡವಾಳ. ಹಾಡು ಕೇಳುವುದಕ್ಕೂ ಒಂದು ರೀತಿಯಿದೆ. ‘ನಿಮ್ಮ ಊರಿನ ಹಳೆಯ ಹಾಡು ಹೇಳಿ’ ಎಂದರೆ ಯಾರೂ ಹೇಳುವುದಿಲ್ಲ. ‘ನಮಗೇನು ಗೊತ್ತಮ್ಮಾ, ಗೊತ್ತಿದ್ದವರೆಲ್ಲ ಹೋದರು’ ಅನ್ನುವುದು ಜಗತ್ತಿನ ಎಲ್ಲ ಹಳ್ಳಿಗಳ ಉತ್ತರ. ಹುಡುಕಿಕೊಂಡು ಹೋದವರು ಮೊದಲ ಸಾಲನ್ನು ತಾವೇ ಎತ್ತಿಕೊಳ್ಳಬೇಕು, ಪಕ್ಕದ ಊರಿನ ಪಾಠಾಂತರದಲ್ಲಿ. ಆಗ ಮೂಲೆಯಲ್ಲಿ ಕೂತ ಅಜ್ಜಿಗೆ ತಡೆಯಲಾಗುವುದಿಲ್ಲ. ‘ಹಾಗಲ್ಲ ಅದು’ ಎಂದು ಬಾಯಿ ಹಾಕುತ್ತಾಳೆ. ಜಾನಪದ ಸಂಗ್ರಹ ಮಾಡಿದವರಿಗೆಲ್ಲ ಗೊತ್ತಿರುವ ಉಪಾಯ ಇದು. ಆದರೆ ಮೊದಲ ಸಾಲು ಬಾಯಿಗೆ ಬರಬೇಕಾದರೆ ನೂರಾರು ಹಾಡು ತಲೆಯಲ್ಲಿರಬೇಕು. ಕಾಗದ ನೋಡಿ ಪ್ರಶ್ನೆ ಓದುವ ನಿರೂಪಕರಿಂದ ಆಗುವ ಕೆಲಸವಲ್ಲ.

ಕೇಳಬಾರದ್ದನ್ನು ಕೇಳದೆ ಇರುವುದೂ ಅಷ್ಟೇ ಮುಖ್ಯ. ದಕ್ಷಿಣದ ಮಾನಿ ಎಂಬ ಬರಡು ಬೆಟ್ಟದ ಸೀಮೆಯಲ್ಲಿ ಹೆಂಗಸರು ಶವದ ಸುತ್ತ ಕೂತು ಅಲ್ಲೇ ಪದ ಕಟ್ಟಿ ಅಳುತ್ತಾರೆ. ಸತ್ತವನ ಬದುಕು, ಅವನಿಗಾದ ಅನ್ಯಾಯ, ತೀರಿಸಬೇಕಾದ ಹಗೆ, ಎಲ್ಲವೂ ಎಂಟೆಂಟು ಅಕ್ಷರದ ಸಾಲುಗಳಲ್ಲಿ ಬರುತ್ತದೆ. ಕೇಳಿದರೆ ಮೈ ಜುಮ್ಮೆನ್ನುವ ಕಾವ್ಯ. ಆದರೆ ಹೆಣವಿಲ್ಲದ ಮನೆಯಲ್ಲಿ ಕ್ಯಾಮರಾಕ್ಕಾಗಿ ಆ ಹಾಡು ಹಾಡಿ ಎಂದರೆ ಸಾವನ್ನು ಮನೆಗೆ ಕರೆದಂತೆ ಎಂದು ಗ್ರೀಸಿನ ಹಳ್ಳಿಗಳಲ್ಲಿ ಅಂಜುತ್ತಾರೆ. ಟಿವಿಯವರಿಗೆ ಇದು ಮೂಢನಂಬಿಕೆ, ಶೂಟಿಂಗಿಗೆ ಅಡ್ಡಿ. ನಡುವೆ ನಿಂತವರು ಯಾವ ಕಡೆ ಸೇರುತ್ತಾರೆ ಎನ್ನುವುದರಲ್ಲಿ ಅವರ ಯೋಗ್ಯತೆ ಗೊತ್ತಾಗುತ್ತದೆ.

ಹಾಗಾದರೆ ರೇಡಿಯೊಗಿಂತ ತೆರೆಯ ಮೇಲೆ ಹೆಚ್ಚಿಗೆ ಸಿಗುವುದೇನು? ಒಂದು ಕುಣಿತದ ವಿಷಯ ಹೇಳುತ್ತೇನೆ. ಕಾಲಿಮ್ನೋಸ್ ಎಂಬ ದ್ವೀಪದ ಗಂಡಸರು ತಲೆತಲಾಂತರದಿಂದ ಸ್ಪಂಜು ತೆಗೆಯುವವರು. ಚಪ್ಪಟೆ ಕಲ್ಲು ಹಿಡಿದು, ಉಸಿರು ಕಟ್ಟಿ, ಬರಿಮೈಯಲ್ಲಿ ಸಮುದ್ರಕ್ಕಿಳಿಯುತ್ತಿದ್ದರು. 1860ರ ದಶಕದಲ್ಲಿ ತಾಮ್ರದ ಶಿರಸ್ತ್ರಾಣದ ಮುಳುಗು ಉಡುಪು ಬಂತು. ಮೇಲಿನಿಂದ ಕೊಳವೆಯಲ್ಲಿ ಗಾಳಿ. ಇನ್ನೂ ಆಳಕ್ಕೆ ಹೋಗಬಹುದು, ಇನ್ನೂ ಹೊತ್ತು ಇರಬಹುದು, ಇನ್ನೂ ಹಣ. ಆದರೆ ಆಳದಿಂದ ಬೇಗ ಮೇಲೆ ಬಂದರೆ ರಕ್ತದಲ್ಲಿ ಕರಗಿದ ಸಾರಜನಕ ಗುಳ್ಳೆಯಾಗಿ ನರಗಳನ್ನು ಹೊಡೆಯುತ್ತದೆ ಎಂದು ಆಗ ಯಾರಿಗೂ ತಿಳಿಯದು. ಎಷ್ಟೋ ಜನ ಸತ್ತರು, ಎಷ್ಟೋ ಜನ ಕಾಲು ಸೋತು ಮನೆಗೆ ಬಂದರು. ಆ ದ್ವೀಪದಲ್ಲಿ ‘ಮಿಹಾನಿಕೊಸ್’ ಎಂಬ ಕುಣಿತವಿದೆ. ಸಾಲಿನ ಮುಂದಾಳು ಕೋಲು ಊರಿ, ಬಾಗಿ, ನಡುಗುವ ಕಾಲನ್ನು ಎಳೆದು ಎಳೆದು ಹೆಜ್ಜೆ ಹಾಕುತ್ತಾನೆ. ಹಿಂದಿನವರು ನೆಟ್ಟಗೆ, ಸಲೀಸಾಗಿ ಕುಣಿಯುತ್ತಿರುತ್ತಾರೆ. ಲಕ್ವ ಹೊಡೆದ ಮುಳುಗುಗಾರ ಹಬ್ಬದ ದಿನ ಗೆಳೆಯರ ಜೊತೆ ಕುಣಿಯಲು ಎದ್ದ ರೀತಿ ಅದು. ರೇಡಿಯೊದಲ್ಲಿ ನಾನು ಇದರ ಸಂಗೀತವನ್ನು ಹಾಕಿದರೆ ನಿಮಗೆ ಕೇಳಿಸುವುದು ಲವಲವಿಕೆಯ ಒಂದು ಪಿಟೀಲು. ಆ ಕಾಲು ಕಾಣದೆ ಸಂಗೀತ ಪೂರ್ತಿಯಲ್ಲ.

ಹೀಗೆಂದ ಮಾತ್ರಕ್ಕೆ ಕ್ಯಾಮರಾವನ್ನು ಹೊಗಳಿ ಸುಮ್ಮನಾಗಲು ಮನಸ್ಸಿಲ್ಲ. ಕಾರ್ಪಥೋಸ್ ದ್ವೀಪದ ಒಲಿಂಬೋಸ್ ಎಂಬ ಬೆಟ್ಟದ ಹಳ್ಳಿಯಲ್ಲಿ ಹಬ್ಬದ ಕೂಟ ಶುರುವಾಗುವುದು ಮೇಜಿನ ಸುತ್ತ ಕೂತ ಗಂಡಸರ ನಿಧಾನದ ಹಾಡಿನಿಂದ. ಲೀರಾ, ಲಾಉಟೊ ಎಂಬ ತಂತಿವಾದ್ಯ, ಆಡಿನ ಚರ್ಮದ ಚೀಲವಾದ್ಯ ಚಂಬೂನಾ ನುಡಿಯುತ್ತಿರುತ್ತವೆ. ಒಬ್ಬ ಎರಡು ಸಾಲಿನ ಪದ ಕಟ್ಟಿ ಹಾಡುತ್ತಾನೆ, ಉಳಿದವರು ಅದನ್ನೇ ಹೇಳುತ್ತಾರೆ, ಇನ್ನೊಬ್ಬ ಅದಕ್ಕೆ ಉತ್ತರ ಕಟ್ಟುತ್ತಾನೆ. ಪ್ರತಿ ಸಾಲಿಗೆ ಹದಿನೈದು ಅಕ್ಷರ, ಕೊನೆಗೆ ಪ್ರಾಸ. ಆ ವರ್ಷ ಸತ್ತವರ ನೆನಪು, ಆಸ್ಟ್ರೇಲಿಯಾಕ್ಕೋ ಅಮೆರಿಕಕ್ಕೋ ಹೋಗಿ ಬಾರದ ಮಗನ ನೆನಪು ಬಂದು ಗಡ್ಡದ ಗಂಡಸರು ಎಲ್ಲರ ಎದುರು ಅಳುತ್ತಾರೆ. ಕುಣಿತ ಶುರುವಾಗಲು ಗಂಟೆಗಟ್ಟಲೆ ಬೇಕು. ಟಿವಿಯ ಕಂತಿಗೆ ಅಷ್ಟು ಹೊತ್ತು ಎಲ್ಲಿದೆ? ಕಾಯುವ ಭಾಗವನ್ನು ಕತ್ತರಿಸಿ, ಕುಣಿತವನ್ನು ಇಟ್ಟುಕೊಳ್ಳುತ್ತಾರೆ. ನೋಡಿದವರಿಗೆ ಕುಣಿತ ಸಿಕ್ಕಿತು, ಕೂಟ ಸಿಗಲಿಲ್ಲ. ಎಂಥ ಒಳ್ಳೆಯ ಜತೆಗಾರ್ತಿ ಇದ್ದರೂ ಇದಕ್ಕೆ ಮದ್ದಿಲ್ಲ.

ಇನ್ನೊಂದು ಕೊರತೆ ಇದಕ್ಕಿಂತ ಆಳದ್ದು. ಡೊಮ್ನಾ ದುಡಿದ ರೇಡಿಯೊದ ದೇಶೀ ಸಂಗೀತ ವಿಭಾಗದ ಗ್ರೀಕ್ ಹೆಸರಿನಲ್ಲೇ ‘ರಾಷ್ಟ್ರ’ ಇತ್ತು. ಗ್ರೀಸಿನ ಹಳ್ಳಿಗಳಲ್ಲಿ ಗ್ರೀಕ್ ಒಂದೇ ಭಾಷೆಯಲ್ಲ. ಆರ್ವಾನಿತಿಕಾ ಆಡುವವರಿದ್ದಾರೆ, ವ್ಲಾಖ್ ಆಡುವವರಿದ್ದಾರೆ, ಉತ್ತರದಲ್ಲಿ ಸ್ಲಾವ್ ನುಡಿಯವರಿದ್ದಾರೆ, ರೋಮಾ ಜನ ಎಲ್ಲೆಡೆ ಇದ್ದಾರೆ. 1936ರಲ್ಲಿ ಸರ್ವಾಧಿಕಾರಿಯಾದ ಮೆಟಾಕ್ಸಾಸ್ ಸ್ಲಾವ್ ನುಡಿಯನ್ನು ಬೀದಿಯಲ್ಲಿ ಆಡಿದರೂ ಶಿಕ್ಷೆ ಎಂದ. ಫ್ಲೋರಿನಾ ಸೀಮೆಯ ಹಿತ್ತಾಳೆ ವಾದ್ಯದ ಮೇಳಗಳು ಇಂದಿಗೂ ಎಷ್ಟೋ ಹಳೆಯ ಹಾಡುಗಳನ್ನು ಮಾತಿಲ್ಲದೆ, ಬರೀ ವಾದ್ಯದಲ್ಲಿ ನುಡಿಸುತ್ತವೆ. ಕೇಳುವವರಿಗೆ ಮಾತು ಗೊತ್ತು, ಬಾಯಿ ಬಿಡುವುದಿಲ್ಲ. ಇಂಥ ಕಡೆ ಕ್ಯಾಮರಾ ಜೊತೆ ಹೋದ ಜತೆಗಾರ್ತಿ ವಾದ್ಯಗಾರರನ್ನು ಮೆಚ್ಚಿ ಬಂದರೆ ಸಾಕೇ, ಮಾತು ಎಲ್ಲಿ ಹೋಯಿತು ಎಂದು ಕೇಳಬೇಕೇ? ಆ ಕಾಲದ ಸರಕಾರಿ ಟಿವಿಯಿಂದ ಎರಡನೆಯದನ್ನು ನಿರೀಕ್ಷಿಸುವುದು ಕಷ್ಟ. ಇನ್ನು ಹಳ್ಳಿಯ ಸಂಗೀತಗಾರರಲ್ಲಿ ಬಹಳ ಮಂದಿ, ಅದರಲ್ಲೂ ಎಪಿರಸ್ಸಿನ ಕ್ಲಾರಿನೆಟ್‌ನವರು, ರೋಮಾ ಕುಲದವರು. ಅವರ ನುಡಿಸಾಣಿಕೆಗೆ ಸಿಕ್ಕ ಚಪ್ಪಾಳೆ ಅವರ ಕುಲಕ್ಕೆ ಸಿಗಲಿಲ್ಲ.

ಡೊಮ್ನಾ ಮಡಿವಂತಿಕೆಯವರಾಗಿರಲಿಲ್ಲ ಎಂಬುದಕ್ಕೆ ಒಂದು ಘಟನೆ ಹೇಳಲೇಬೇಕು. ಗ್ರೀಸಿನಲ್ಲಿ ಈಸ್ಟರ್‌ಗೆ ಮುಂಚಿನ ಉಪವಾಸ ಶುರುವಾಗುವ ಮೊದಲು ಅಪೊಕ್ರಿಯೆಸ್ ಹಬ್ಬ. ನಮ್ಮ ಹೋಳಿಯ ಪೋಲಿತನ ಅದರಲ್ಲಿದೆ, ಬಹುಶಃ ಒಂದು ಕೈ ಹೆಚ್ಚೇ. ವರ್ಷವಿಡೀ ಚರ್ಚಿಗೆ ಹೋಗಿ ಶಿಲುಬೆ ಗುರುತು ಹಾಕಿಕೊಳ್ಳುವ ಅಜ್ಜಿಯರು ಆ ದಿನಗಳಲ್ಲಿ ಹಾಡುವ ಪದಗಳನ್ನು ನಾನು ಇಲ್ಲಿ ಉದಾಹರಿಸಿದರೆ ಈ ಭಾಷಣ ಅಲ್ಲಿಗೇ ನಿಲ್ಲುತ್ತದೆ. ಹಿಂದಿನ ಸಂಗ್ರಾಹಕರು ಅವನ್ನು ಕೈಬಿಡುತ್ತಿದ್ದರು, ಇಲ್ಲವೆ ಅಕ್ಷರದ ಜಾಗದಲ್ಲಿ ಚುಕ್ಕಿ ಇಡುತ್ತಿದ್ದರು. ಡೊಮ್ನಾ ಅವನ್ನು ಒಟ್ಟುಮಾಡಿ, ಚುಕ್ಕಿಯಿಲ್ಲದೆ, 1994ರಲ್ಲಿ ಧ್ವನಿಮುದ್ರಿಕೆಯಾಗಿ ತಂದರು. ಆಗ ಅವರಿಗೆ ಅರವತ್ತೈದು ದಾಟಿತ್ತು. ಭೂಮಿ ಮತ್ತೆ ಹಸಿರಾಗಲಿ ಎಂಬ ಹಳೆಯ ಆಚರಣೆಯ ಭಾಗ ಅದು, ನಾಚುವುದೇನು ಎಂಬುದು ಅದರ ಹಿಂದಿನ ಧೋರಣೆ. ಟಿವಿಯಲ್ಲಿ ತೋರಿಸಲಾಗದ್ದನ್ನು ತಟ್ಟೆಯಲ್ಲಿ ಕೇಳಿಸಿದರು. ನನ್ನ ಮಟ್ಟಿಗೆ ಅವರ ಕೆಲಸಗಳಲ್ಲೆಲ್ಲ ಧೈರ್ಯದ್ದು ಇದು.

ಆ ಧ್ವನಿಮುದ್ರಿಕೆಯನ್ನು ಹೊರತಂದದ್ದು ಅವರೇ 1981ರಲ್ಲಿ ಕಟ್ಟಿದ ಸಂಘ. ಧ್ವನಿಮುದ್ರಿಕೆ ಕಂಪನಿಗಳಿಗೆ ಮಾರಾಟದ ಲೆಕ್ಕ ಇರುತ್ತದೆ, ತಮ್ಮ ಆಯ್ಕೆಯ ಹಾಡನ್ನು ತಮಗೆ ಸರಿಕಂಡ ಹಾಗೆ ತರಬೇಕಾದರೆ ಸ್ವಂತದ ಸಂಸ್ಥೆ ಬೇಕು. 1994ರಿಂದ ಅಥೆನ್ಸಿನ ಪ್ಲಾಕಾದಲ್ಲಿರುವ ಜಾನಪದ ವಾದ್ಯಗಳ ವಸ್ತುಸಂಗ್ರಹಾಲಯದಲ್ಲಿ ಹಾಡು ಕಲಿಸುವುದನ್ನೂ ಶುರುಮಾಡಿದರು. ಫಿವೋಸ್ ಅನೋಯಾನಾಕಿಸ್ ಎಂಬ ವಿದ್ವಾಂಸರು ಕೂಡಿಟ್ಟ ಸುಮಾರು 1200 ವಾದ್ಯಗಳಿರುವ ಜಾಗ ಅದು. 2012ರ ಮಾರ್ಚ್ 10ರಂದು ಡೊಮ್ನಾ ತೀರಿಕೊಂಡರು.

ಮರುವರ್ಷ, 2013ರ ಜೂನ್ 11ರ ರಾತ್ರಿ, ಸಾಲದಲ್ಲಿ ಮುಳುಗಿದ್ದ ಗ್ರೀಸ್ ಸರಕಾರ ಖರ್ಚು ಕಡಿಮೆ ಮಾಡುತ್ತೇವೆಂದು ಇ.ಆರ್.ಟಿ.ಯನ್ನು ಒಂದೇ ಏಟಿಗೆ ಮುಚ್ಚಿಬಿಟ್ಟಿತು. ತೆರೆ ಕಪ್ಪಾಯಿತು. ಕೆಲಸಗಾರರು ಕಟ್ಟಡ ಬಿಟ್ಟು ಕದಲಲಿಲ್ಲ, ಸಂಗೀತಗಾರರು ಅಂಗಳಕ್ಕೆ ಬಂದು ನುಡಿಸಿದರು. ಸಂಸ್ಥೆ ಮತ್ತೆ ತೆರೆದದ್ದು 2015ರ ಜೂನ್‌ನಲ್ಲಿ. ಆ ಎರಡು ವರ್ಷ ಎಷ್ಟೋ ಜನ ಕೇಳಿದ ಪ್ರಶ್ನೆ, ಹಳೆಯ ಚಿತ್ರಗಳ ಗತಿ ಏನು? ಆ ಹಳ್ಳಿಗಳ ಅಜ್ಜಿಯರ ಮುಖ, ದನಿ, ಕೈ ಎಲ್ಲ ಇರುವುದು ಸರಕಾರದ ಕಪಾಟಿನಲ್ಲಿ. ಅದೃಷ್ಟಕ್ಕೆ ಹಾಳಾಗಲಿಲ್ಲ. ಇನ್ನು ಡೊಮ್ನಾ ಅವರ ಸ್ವಂತ ಸಂಗ್ರಹವನ್ನು ಅವರ ಸಂಘ ಜೋಪಾನ ಮಾಡಿ, ಸಾಹಿತ್ಯದ ಸಮೇತ ಅಂತರಜಾಲದಲ್ಲಿ ಇಟ್ಟಿದೆ. ಪ್ರದೇಶದ ಹೆಸರಿನಿಂದ ಹುಡುಕಿ ಕೇಳಬಹುದು.

ಕೇಳುಗರಲ್ಲಿ ಯಾರಿಗಾದರೂ ಆಸೆಯಾದರೆ ನನ್ನದೊಂದು ಸಲಹೆ. ಎಲ್ಲರೂ ಮೊದಲು ದ್ವೀಪಗಳ ಹಾಡು ಕೇಳಿ ಎನ್ನುತ್ತಾರೆ, ಲವಲವಿಕೆ ಇದೆ ಅಂತ. ಕನ್ನಡದವರು ಎಪಿರಸ್ಸಿನಿಂದ ಶುರುಮಾಡುವುದು ವಾಸಿ. ಅಲ್ಲಿನ ಪೊಗೋನಿ ಕಡೆಯ ಹಳ್ಳಿಗಳಲ್ಲಿ ಗುಂಪಾಗಿ ಹಾಡುತ್ತಾರೆ. ಒಬ್ಬರು ಹಾಡು ಎತ್ತುತ್ತಾರೆ, ಒಬ್ಬರು ತಿರುಗಿಸುತ್ತಾರೆ, ಒಬ್ಬರು ದನಿಯನ್ನು ಮೇಲಕ್ಕೂ ಕೆಳಕ್ಕೂ ಎಸೆಯುತ್ತಾರೆ, ಉಳಿದವರು ಒಂದೇ ಸ್ವರವನ್ನು ಹಿಡಿದು ನಿಲ್ಲುತ್ತಾರೆ, ನಮ್ಮ ಶ್ರುತಿಯ ಹಾಗೆ. ಸ್ವರಗಳು ಐದೇ. ಮೊದಲ ಸಲ ಕೇಳಿದಾಗ ಕರ್ಕಶ ಅನ್ನಿಸಬಹುದು, ಪಕ್ಕಪಕ್ಕದ ಸ್ವರಗಳು ಉಜ್ಜಾಡುತ್ತವೆ. ಎರಡನೆಯ ಸಲ ಶುದ್ಧ ಧನ್ಯಾಸಿ ರಾಗ ಬಲ್ಲವರ ಕಿವಿ ನೆಟ್ಟಗಾಗುತ್ತದೆ. ಮೂರನೆಯ ಸಲ ಕಣ್ಣು ಮುಚ್ಚಬೇಡಿ, ಚಿತ್ರ ಸಿಕ್ಕರೆ ಚಿತ್ರವನ್ನೇ ನೋಡಿ. ಹಾಡು ಎತ್ತುವ ಮುದುಕಿ ಉಸಿರು ತೆಗೆದುಕೊಳ್ಳುವ ಮುಂಚೆ ಉಳಿದವರ ಕಡೆ ಹೇಗೆ ನೋಡುತ್ತಾಳೆ ಎಂಬುದನ್ನು ನಾನು ಇಲ್ಲಿಂದ ತೋರಿಸಲಾರೆ.